‘ಸಿನಿಮಾ ನೋಡಿ ಕೆಟ್ಟರು’ ಎಂಬ ಮಾತನ್ನು ಒರೆಗೆ ಹಚ್ಚುವುದು ಹೇಗೆ

ರೌಡಿಸಂ ಬಗ್ಗೆ ವರದಿ, ಎಂ.ಎ. ಪ್ರಬಂಧ, ಪಾಡ್‌ಕಾಸ್ಟ್, ಚಿತ್ರಕಥೆ, ಏನು ಬರೆಯಲು ಕೂತರೂ ‘ಸಿನಿಮಾಗಳ ಪ್ರಭಾವದಿಂದಾಗಿ’ ಎನ್ನುವ ಎರಡು ಪದ ಕರೆಯದಿದ್ದರೂ ಬಂದು ಮೊದಲ ಪ್ಯಾರಾದಲ್ಲೇ ಜಾಗ ಹಿಡಿಯುತ್ತವೆ. ಯಾರೂ ಅವನ್ನು ಎಬ್ಬಿಸಿ ಪುರಾವೆ ಕೇಳುವುದಿಲ್ಲ. ಕೇಳುವುದು ಹೇಗೆ ಎಂಬುದಷ್ಟೇ ಇಲ್ಲಿನ ವಿಷಯ. ಗ್ಯಾಂಗ್‌ಸ್ಟರ್ ಸಿನಿಮಾ ನಿಜವಾದ ಗ್ಯಾಂಗಿನ ನಡೆ, ನುಡಿ, ಉಡುಪಿಗೆ ಇಳಿದಿದೆಯೇ, ಇಳಿದಿದ್ದರೆ ಎಲ್ಲಿ, ಎಷ್ಟು ಎಂದು ತಿಳಿಯಲು ಒಂದು ಉದ್ದದ ನೋಟ್‌ಬುಕ್ಕು, ಒಂದು ಸಿನಿಮಾ, ಒಂದು ಗುಂಪು, ಸುಮಾರು ಹತ್ತು ವರ್ಷದ ಅವಧಿ ಸಾಕು. ಅದಕ್ಕಿಂತ ದೊಡ್ಡ ಬಲೆ ಬೀಸಿದರೆ ಸಿಗುವುದು ಬರೀ ಅಭಿಪ್ರಾಯ.

ಮೊದಲು ಮಾತನ್ನು ಬಿಡಿಸಿ

ಒಂದು ಕಾರ್ಡಿನ ಮೇಲೆ ನಾಲ್ಕು ಸಾಲು ಬರೆಯಿರಿ. ಯಾರು? ಏನನ್ನು? ಯಾವ ಸಿನಿಮಾದ ಯಾವ ದೃಶ್ಯದಿಂದ? ಯಾವಾಗ? ಒಂದು ಸಾಲು ಖಾಲಿ ಉಳಿದರೂ ನಿಮ್ಮ ಕೈಯಲ್ಲಿರುವುದು ಪ್ರತಿಪಾದನೆಯಲ್ಲ, ಗೊಣಗಾಟ. ‘ಇಂದಿನ ಯುವಕರು ಲಾಂಗು ಮಚ್ಚಿನ ಸಿನಿಮಾ ನೋಡಿ ಹಾಳಾಗುತ್ತಿದ್ದಾರೆ’ ಎಂಬುದರಲ್ಲಿ ನಾಲ್ಕೂ ಖಾಲಿ. ‘ಇಟಲಿಯ ಕಸಾಲ್ ದಿ ಪ್ರಿನ್ಚಿಪೆ ಊರಿನ, ನೇಪಲ್ಸ್ ಕಡೆಯ ಮಾಫಿಯಾದಂಥ ಕಮೋರಾದ ನಾಯಕ ವಾಲ್ಟರ್ ಸ್ಕಿಯಾವೊನೆ ತನ್ನ ಬಂಗಲೆಯನ್ನು 1983ರ ‘ಸ್ಕಾರ್‌ಫೇಸ್’ ಚಿತ್ರದ ನಾಯಕನ ಮನೆಯಂತೆ ಕಟ್ಟಿಸಿದ’ ಎಂಬುದರಲ್ಲಿ ಮೂರು ತುಂಬಿವೆ. ನಾಲ್ಕನೆಯದಕ್ಕೆ, ಅಂದರೆ ಕಟ್ಟಡದ ವರ್ಷಕ್ಕೆ, ದಾಖಲೆ ಹುಡುಕಬಹುದು.

‘ಏನನ್ನು’ ಎಂಬ ಸಾಲಿನಲ್ಲಿ ಹಿಡಿಯಲು, ಅಳೆಯಲು, ಉದ್ಧರಿಸಲು ಬರುವಂಥದ್ದೇ ಇರಬೇಕು: ಒಂದು ಪದ, ಅಡ್ಡಹೆಸರು, ಅಂಗಿ, ಆಯುಧ ಹಿಡಿಯುವ ಬಗೆ, ಮೆಟ್ಟಿಲು, ಶವಯಾತ್ರೆಯ ವಾದ್ಯ. ‘ಮನೋಭಾವ’ ಎಂದು ಬರೆದಿದ್ದರೆ ಹೊಡೆದುಹಾಕಿ.

ಮೂರು ದಿನಾಂಕ

ಮೊದಲನೆಯದು, ಆ ಸಿನಿಮಾ ಆ ಊರಿಗೆ ಬಂದ ದಿನ. ಎರಡನೆಯದು, ಆ ಪದವೋ ಪದ್ಧತಿಯೋ ಗುಂಪಿನಲ್ಲಿ ಮೊದಲ ಬಾರಿ ದಾಖಲಾದ ದಿನ. ಮೂರನೆಯದು, ‘ಸಿನಿಮಾದಿಂದ ಬಂತು’ ಎಂದು ಯಾರಾದರೂ ಹೇಳಿದ ದಿನ. ಎರಡನೆಯದು ಮೊದಲನೆಯದಕ್ಕಿಂತ ಹಿಂದಿದ್ದರೆ ಕೇಸು ಅಲ್ಲಿಗೇ ಖುಲಾಸೆ.

ಮಾಫಿಯಾ ಸೇರುವಾಗ ಬೆರಳು ಚುಚ್ಚಿ, ಸಂತನ ಚಿತ್ರ ಸುಟ್ಟು ಪ್ರಮಾಣ ಮಾಡುವ ಶಾಸ್ತ್ರವನ್ನೇ ನೋಡಿ. ಇದನ್ನು ಸಿನಿಮಾದವರ ಕಲ್ಪನೆ ಎಂದುಕೊಂಡವರು ಬಹಳ. ಆದರೆ ಇಂಥ ಪ್ರಮಾಣದ ವಿವರಗಳು 19ನೇ ಶತಮಾನದ ಸಿಸಿಲಿಯ ಪೊಲೀಸ್ ಕಡತಗಳಲ್ಲೇ ಇವೆ. 1963ರಲ್ಲಿ ಮಾಫಿಯಾದವನೇ ಆಗಿದ್ದ ಜೋ ವಲಾಚಿ ಅಮೆರಿಕದ ಸೆನೆಟ್ ಸಮಿತಿಯ ಮುಂದೆ, ಟಿವಿ ಕ್ಯಾಮೆರಾಗಳ ಎದುರಿಗೇ, ಕೈಯಲ್ಲಿ ಕಾಗದ ಸುಟ್ಟ ಕತೆ ಹೇಳಿದ. 1989ರ ಅಕ್ಟೋಬರ್ 29ರಂದು ಮ್ಯಾಸಚೂಸೆಟ್ಸ್‌ನ ಮೆಡ್‌ಫರ್ಡ್‌ನಲ್ಲಿ ನಡೆದ ಇಂಥದೇ ಶಾಸ್ತ್ರವನ್ನು ಎಫ್‌ಬಿಐ ಗುಟ್ಟಾಗಿ ಧ್ವನಿಮುದ್ರಿಸಿಕೊಂಡಿತು. ಈ ಮೂರನ್ನೂ ಒಂದೇ ಸಾಲಿನಲ್ಲಿ ಇಟ್ಟರೆ ‘ಗಾಡ್‌ಫಾದರ್’ ಚಿತ್ರ (1972) ಪಕ್ಕಕ್ಕೆ ಸರಿಯುತ್ತದೆ.

‘ಗಾಡ್‌ಫಾದರ್’ ಎಂಬ ಪದದ ದಾರಿ ಬೇರೆ. ದೊರೆಯಂಥ ನಾಯಕ ಎಂಬ ಅರ್ಥದಲ್ಲಿ ಮಾಫಿಯಾದವರು ಅದನ್ನು ಮೊದಲು ಬಳಸುತ್ತಿರಲಿಲ್ಲ, ತನ್ನ ಕಾದಂಬರಿಯಿಂದಲೇ (1969) ಬಂತು ಎಂದು ಮಾರಿಯೋ ಪೂಜೋ ಹೇಳಿಕೊಂಡಿದ್ದ. ಬರೆಯುವ ಹೊತ್ತಿಗೆ ನಿಜವಾದ ಒಬ್ಬ ಗ್ಯಾಂಗ್‌ಸ್ಟರನ್ನೂ ಭೇಟಿಯಾಗಿರಲಿಲ್ಲ, ಓದಿಕೊಂಡೇ ಬರೆದದ್ದು ಎಂದೂ ಒಪ್ಪಿಕೊಂಡಿದ್ದ. ಲೇಖಕನ ಈ ಮಾತನ್ನೂ ಮೂರನೇ ದಿನಾಂಕದ ಕೆಳಗೇ ಬರೆದುಕೊಳ್ಳಿ. ಪದ ತನ್ನದೆಂದರೆ ಅವನಿಗೇ ಲಾಭ.

ಕರ್ನಾಟಕದ ಗುಂಪನ್ನು ನೋಡುವಾಗ ಮೊದಲ ದಿನಾಂಕದಲ್ಲಿ ಹಲವರು ಎಡವುತ್ತಾರೆ. ವಿಕಿಪೀಡಿಯಾದ ಬಿಡುಗಡೆ ದಿನ ನೋಡಿ ಸುಮ್ಮನಾಗುತ್ತಾರೆ. ನಮ್ಮಲ್ಲಿ ಚಿತ್ರ ಮೊದಲು ಬೆಂಗಳೂರಿನ ಗಾಂಧಿನಗರದಲ್ಲಿ, ಆಮೇಲೆ ಜಿಲ್ಲಾ ಕೇಂದ್ರದಲ್ಲಿ, ತಿಂಗಳುಗಳ ನಂತರ ಟೂರಿಂಗ್ ಟಾಕೀಸಿನಲ್ಲಿ, ಬಳಿಕ ಕ್ಯಾಸೆಟ್ಟು, ಕೇಬಲ್ಲು, ಯೂಟ್ಯೂಬ್ ಎಂದು ಇಳಿಯುತ್ತದೆ. 1995ರ ‘ಓಂ’ ಮತ್ತೆ ಮತ್ತೆ ತೆರೆಗೆ ಬಂದದ್ದಕ್ಕೇ ಹೆಸರಾದ ಚಿತ್ರ. ಅದರ ಪ್ರಭಾವದ ಬಾಗಿಲು ಒಂದು ಶುಕ್ರವಾರ ತೆರೆದು ನಾಲ್ಕು ವಾರಕ್ಕೆ ಮುಚ್ಚಲಿಲ್ಲ. ಆದ್ದರಿಂದ ಆ ಊರಿನ ಚಿತ್ರಮಂದಿರದಲ್ಲಿ ಅದು ಎಷ್ಟು ಸಲ ಹಾಕಿತ್ತು ಎಂದು ಸ್ಥಳೀಯ ಪತ್ರಿಕೆಯ ಸಿನಿಮಾ ಜಾಹೀರಾತು ಪುಟಗಳನ್ನು ತಿರುವಿ ನೋಡಿ. ಗ್ರಂಥಾಲಯದ ಹಳೆಯ ಸಂಚಿಕೆಗಳಲ್ಲಿ ಒಂದು ವರ್ಷದ್ದನ್ನು ತಿರುವಲು ಒಂದು ದಿನ ಬೇಕು. ಧೂಳಿಗೆ ಮಾಸ್ಕ್ ಒಯ್ಯಿರಿ.

ಬಾಣ ಯಾವ ಕಡೆಗೆ

ಸಿನಿಮಾದಿಂದ ಬೀದಿಗೆ ಎಂದು ಒಂದೇ ಬಾಣ ಬರೆದರೆ ಅರ್ಧ ಕತೆ ಹೋಯಿತು. ‘ಓಂ’ ಚಿತ್ರದಲ್ಲಿ ನಿಜವಾದ ರೌಡಿಗಳೇ ಪಾತ್ರ ಮಾಡಿದ್ದರು. ‘ಆ ದಿನಗಳು’ (2007) ಬಂದದ್ದು ಅಗ್ನಿ ಶ್ರೀಧರ್ ಅವರ ‘ದಾದಾಗಿರಿಯ ದಿನಗಳು’ ಎಂಬ ಆತ್ಮಕಥನದಿಂದ. ಜಪಾನಿನಲ್ಲಿ 1973ರಲ್ಲಿ ಶುರುವಾದ, ಹಿರೋಷಿಮಾದ ಯಾಕೂಜಾಗಳ (ಅಲ್ಲಿನ ಸಂಘಟಿತ ರೌಡಿಗಳ) ಚಿತ್ರಮಾಲೆಯ ಹಿಂದೆ ಇದ್ದದ್ದು ಜೈಲಿನಲ್ಲಿದ್ದ ಒಬ್ಬ ಯಾಕೂಜಾನ ಬರಹ. ಇಂಥ ಕಡೆ ಗುಂಪಿನವರ ಮಾತು ಸಿನಿಮಾದಂತೆ ಕೇಳಿಸಿದರೆ ಅಚ್ಚರಿಯೇನು, ಸಿನಿಮಾವೇ ಅವರಂತೆ ಮಾತಾಡಲು ಕಲಿತಿತ್ತು.

‘ಗಾಡ್‌ಫಾದರ್’ ತಯಾರಾದ ಬಗೆ ಇನ್ನೂ ಸಿಕ್ಕುಸಿಕ್ಕು. ನ್ಯೂಯಾರ್ಕಿನ ಕೊಲಂಬೋ ಮಾಫಿಯಾ ಕುಟುಂಬದ ನಾಯಕ ಜೋ ಕೊಲಂಬೋ 1970ರಲ್ಲಿ ಇಟಾಲಿಯನ್-ಅಮೆರಿಕನ್ನರ ನಾಗರಿಕ ಹಕ್ಕುಗಳ ಸಂಘಟನೆಯೊಂದನ್ನು ಕಟ್ಟಿದ್ದ. ಚಿತ್ರದ ವಿರುದ್ಧ ಅದು ಎಬ್ಬಿಸಿದ ಗಲಾಟೆಗೆ ಮಣಿದ ನಿರ್ಮಾಪಕ ಆಲ್ ರಡ್ಡಿ, ಚಿತ್ರಕಥೆಯಿಂದ ‘ಮಾಫಿಯಾ’ ಎಂಬ ಪದವನ್ನೇ ತೆಗೆಯಲು 1971ರಲ್ಲಿ ಒಪ್ಪಿದ. ಲೂಕಾ ಬ್ರಾಸಿಯ ಪಾತ್ರ ಮಾಡಿದ ಮಾಜಿ ಕುಸ್ತಿಪಟು ಲೆನ್ನಿ ಮೊಂಟಾನಾಗೆ ಅದೇ ಕುಟುಂಬದ ನಂಟಿತ್ತು. ಅದೇ ವರ್ಷ ಜೂನ್ 28ರಂದು ಸಂಘಟನೆಯ ಸಭೆಯಲ್ಲಿ ಕೊಲಂಬೋ ಮೇಲೆ ಗುಂಡು ಬಿತ್ತು. ಮತ್ತೆ ಎದ್ದು ಓಡಾಡದೆ 1978ರಲ್ಲಿ ಸತ್ತ. ಹೀಗೆ ಚಿತ್ರಕಥೆಗೆ ಕತ್ತರಿ ಹಾಕಿದ್ದೂ ಅವರೇ, ಮುಂದಿನ ವರ್ಷ ಥಿಯೇಟರಿನಲ್ಲಿ ಕೂತು ಮೈಮರೆತದ್ದೂ ಅವರಂಥವರೇ. ಗ್ಯಾಂಬಿನೋ ಕುಟುಂಬದಲ್ಲಿ ಎರಡನೇ ಸ್ಥಾನದವರೆಗೆ ಏರಿ, 1992ರಲ್ಲಿ ತನ್ನ ನಾಯಕ ಜಾನ್ ಗೊಟ್ಟಿ ವಿರುದ್ಧವೇ ಸಾಕ್ಷಿ ಹೇಳಿದ ಸ್ಯಾಮಿ ಗ್ರವಾನೋ, ಆ ಚಿತ್ರ ನೋಡಿ ಹೊರಬಂದಾಗ ತನಗಾದ ಮತ್ತನ್ನೂ ಅದರ ಸಂಭಾಷಣೆಯನ್ನು ತಾನು ಎರವಲು ತಂದದ್ದನ್ನೂ ಮುಂದೆ ಪತ್ರಕರ್ತರಿಗೆ ಹೇಳಿದ.

ನೋಟ್‌ಬುಕ್ಕಿನ ಪುಟವನ್ನು ಮೂರು ಕಾಲಂ ಮಾಡಿ. ಎಡಕ್ಕೆ ಸಿನಿಮಾಗೆ ಮೊದಲಿನ ಬೀದಿ, ನಡುವೆ ಸಿನಿಮಾ, ಬಲಕ್ಕೆ ಸಿನಿಮಾದ ನಂತರದ ಬೀದಿ. ಎಡದಲ್ಲೂ ಬಲದಲ್ಲೂ ಒಂದೇ ಇದ್ದರೆ ಸಿನಿಮಾ ಬರೀ ಕನ್ನಡಿ. ನಡುವೆ ಮತ್ತು ಬಲಕ್ಕೆ ಮಾತ್ರ ಇದ್ದರೆ ಸಾಲ. ಎಡದಲ್ಲಿ ಸಣ್ಣದಾಗಿದ್ದು ನಡುವೆ ಉಬ್ಬಿ ಬಲದಲ್ಲಿ ಉಬ್ಬಿದ ರೂಪದಲ್ಲೇ ಇದ್ದರೆ ಸುತ್ತಿ ಬಂದದ್ದು. ಹೆಚ್ಚಿನವು ಈ ಮೂರನೇ ಜಾತಿಯವು. ಪತ್ರಿಕೆಗಳಿಗೆ ಇಷ್ಟವಾಗುವುದು ಎರಡನೆಯದು.

ತೋರಿಕೆಯಲ್ಲಿ ಹುಡುಕಿ, ಬಚ್ಚಿಟ್ಟಿದ್ದರಲ್ಲಿ ಅಲ್ಲ

ಕಂಪನಿಗೆ ಟ್ರೇಡ್‌ಮಾರ್ಕ್ ಇದೆ, ಜಾಹೀರಾತು ಇದೆ, ವಿಸಿಟಿಂಗ್ ಕಾರ್ಡ್ ಇದೆ. ಗ್ಯಾಂಗಿಗೆ ಇವು ಯಾವುದೂ ಇಲ್ಲ. ತಾನು ಯಾರು, ಎಷ್ಟು ಅಪಾಯಕಾರಿ ಎಂದು ಬಾಯಿಬಿಟ್ಟು ಹೇಳುವಂತಿಲ್ಲ, ಹೇಳದಿದ್ದರೆ ದಂಧೆ ನಡೆಯುವುದಿಲ್ಲ. ಸಮಾಜವಿಜ್ಞಾನಿ ಡಿಯೆಗೋ ಗಂಬೆಟ್ಟಾ 2009ರಲ್ಲಿ ಅಪರಾಧಿಗಳ ಸಂಜ್ಞೆಗಳ ಬಗ್ಗೆ ಬರೆದ ಪುಸ್ತಕದ ತಿರುಳಿನಲ್ಲಿ ಇದೂ ಒಂದು: ಎಲ್ಲರೂ ನೋಡಿರುವ ಸಿನಿಮಾ ಇಂಥವರಿಗೆ ಪುಕ್ಕಟೆ ಸಿಕ್ಕ ಸಾಮಾನ್ಯ ಭಾಷೆ. ಇದರಿಂದ ಒಂದು ಕೆಲಸದ ಸೂತ್ರ ಸಿಗುತ್ತದೆ. ಗುಂಪು ಯಾವುದನ್ನು ಹೊರಗಿನವರಿಗೆ ತೋರಿಸಬೇಕೋ ಅಲ್ಲಿ ಸಿನಿಮಾ ಇರುತ್ತದೆ. ಯಾವುದನ್ನು ಮುಚ್ಚಿಡಬೇಕೋ ಅಲ್ಲಿ ಇರುವುದಿಲ್ಲ.

2015ರ ಆಗಸ್ಟ್‌ನಲ್ಲಿ ರೋಮ್ ನಗರದಲ್ಲಿ ಅಪರಾಧಕ್ಕೆ ಹೆಸರಾದ ಕಸಮೋನಿಕಾ ಕುಲದ ಹಿರಿಯ ವಿತ್ತೋರಿಯೋನ ಶವಯಾತ್ರೆ ನಡೆಯಿತು. ಕುದುರೆ ಹೂಡಿದ ಅಲಂಕಾರದ ಗಾಡಿ, ಮೇಲಿಂದ ಹೆಲಿಕಾಪ್ಟರ್ ಗುಲಾಬಿ ಪಕಳೆ ಸುರಿಸಿತು, ಚರ್ಚಿನ ಮುಂದೆ ವಾದ್ಯದವರು ಬಾರಿಸಿದ್ದು ‘ಗಾಡ್‌ಫಾದರ್’ ಚಿತ್ರದ ರಾಗ. ಕಾರ್ಡಿನ ನಾಲ್ಕೂ ಸಾಲು ಇಲ್ಲಿ ತುಂಬಿವೆ, ವಿಡಿಯೋ ಇದೆ. ಇದರ ಎದುರಿಗೆ ಬೆರ್ನಾರ್ದೋ ಪ್ರೊವೆಂಜಾನೋನನ್ನು ಇಡಿ. ನಾಲ್ಕು ದಶಕ ತಲೆಮರೆಸಿಕೊಂಡಿದ್ದ ಸಿಸಿಲಿ ಮಾಫಿಯಾದ ಮುಖ್ಯಸ್ಥ 2006ರ ಏಪ್ರಿಲ್ 11ರಂದು ಸಿಕ್ಕಿಬಿದ್ದದ್ದು ಕೊರ್ಲಿಯೋನೆ ಊರಿನ ಹೊರಗಿನ ಒಂದು ಕುರಿಹಟ್ಟಿಯಂಥ ತೋಟದ ಮನೆಯಲ್ಲಿ. ಇಡೀ ಸಂಸ್ಥೆಯನ್ನು ಅವನು ನಡೆಸುತ್ತಿದ್ದದ್ದು ಟೈಪ್‌ರೈಟರಿನಲ್ಲಿ ಕುಟ್ಟಿದ ಚೀಟಿಗಳಿಂದ. ಸಿನಿಮಾದ ಡಾನ್‌ಗೆ ಊರಿನ ಹೆಸರನ್ನೇ ಕೊಟ್ಟ ಕೊರ್ಲಿಯೋನೆಯ ನಿಜವಾದ ಡಾನ್ ಹೀಗಿದ್ದ. ಆ ಚೀಟಿಗಳಲ್ಲಿ ಸಿನಿಮಾ ಹುಡುಕಿದರೆ ಕಾಲಹರಣ.

ಇನ್ನೊಂದನ್ನು ಬಹುತೇಕರು ಮರೆಯುತ್ತಾರೆ: ಬೆದರಿಕೆ ಹಾಕುವವನು ಸಿನಿಮಾ ನೋಡಿದ್ದರೆ ಸಾಲದು, ಬೆದರಿಕೆ ಕೇಳುವವನೂ ನೋಡಿರಬೇಕು. ಹಫ್ತಾ ಕೇಳಲು ಬಂದವನು ಏನೂ ಹೇಳದೆ ಕುರ್ಚಿ ಎಳೆದು ಕೂತು, ಟೇಬಲ್ಲಿನ ಮೇಲಿದ್ದ ಮಕ್ಕಳ ಫೋಟೋ ಎತ್ತಿ ನೋಡಿ ‘ಯಾವ ಸ್ಕೂಲು?’ ಎಂದರೆ ಅಂಗಡಿಯವನ ಕೈ ನಡುಗುವುದು ಆ ದೃಶ್ಯ ಅವನಿಗೆ ಮೊದಲೇ ಪರಿಚಯ ಇರುವುದರಿಂದ. ಮುಂದಿನ ದೃಶ್ಯ ಏನೆಂದು ಅವನಿಗೆ ಗೊತ್ತು. ಆದ್ದರಿಂದ ಬೆದರಿಕೆಗೆ ಒಳಗಾದವರ ಕಡೆಯ ಮಾತು ಇಲ್ಲದೆ ಈ ಪರಿಶೀಲನೆ ಮುಗಿಯುವುದಿಲ್ಲ. ‘ಅವನು ಏನು ಹೇಳಿದ’ ಎಂಬುದರ ಜೊತೆ ‘ನಿಮಗೆ ಆಗ ಏನು ನೆನಪಾಯಿತು’ ಎಂದೂ ಕೇಳಿ.

ಜಪಾನಿನ ಒಂದು ಪ್ರಸಂಗ ಇದನ್ನೇ ತಿರುಗಿಸಿ ತೋರಿಸುತ್ತದೆ. ಯಾಕೂಜಾ ಗುಂಪುಗಳನ್ನು ಹಿಡಿತಕ್ಕೆ ತರುವ ಕಾನೂನು 1992ರ ಮಾರ್ಚ್‌ನಲ್ಲಿ ಜಾರಿಗೆ ಬಂತು. ಅದೇ ಮೇ ತಿಂಗಳಲ್ಲಿ ಜುಜೋ ಇತಾಮಿ ನಿರ್ದೇಶಿಸಿದ ‘ಮಿಂಬೋ’ ತೆರೆಕಂಡಿತು. ಅದರಲ್ಲಿ ಯಾಕೂಜಾಗಳು ಕೂಗಾಡುವ ಪುಕ್ಕಲರು. ಅವರ ಬೆದರಿಕೆಗೆ ಹೋಟೆಲಿನವರು ಹೇಗೆ ಮಣಿಯದೆ ನಿಲ್ಲಬಹುದು ಎಂದು ಚಿತ್ರ ಹೆಚ್ಚುಕಡಿಮೆ ಪಾಠ ಹೇಳಿತು. ಕೆಲವೇ ದಿನಗಳಲ್ಲಿ ಯಾಕೂಜಾಗಳು ನಿರ್ದೇಶಕನ ಮುಖ ಸೀಳಿದರು. ವೈಭವೀಕರಿಸಿದ ಚಿತ್ರಗಳ ಮೇಲೆ ಅವರಿಗೆ ಅಂಥ ಸಿಟ್ಟು ಬಂದಿರಲಿಲ್ಲ. ಭಯ ಹುಟ್ಟಿಸುವ ಭಾಷೆಯನ್ನು ಇನ್ನೊಬ್ಬರು ನಗೆಪಾಟಲು ಮಾಡಿದರೆ ಬಂಡವಾಳವೇ ಹೋಗುತ್ತದೆ. ಹೀಗಾಗಿ ನಿಮ್ಮ ಗುಂಪಿಗೆ ಯಾವ ಸಿನಿಮಾ ಇಷ್ಟ ಎಂಬುದರಷ್ಟೇ ಯಾವುದರ ಮೇಲೆ ಕೋಪ ಎಂಬುದೂ ಪುರಾವೆ.

ತಪ್ಪೂ ನಕಲಾಗಿದೆಯೇ?

ಎಲ್ಲಕ್ಕಿಂತ ಗಟ್ಟಿ ಪರೀಕ್ಷೆ ಇದು. ಗ್ರಂಥ ಸಂಪಾದನೆ ಮಾಡಿದವರಿಗೆ ವಿವರಿಸಬೇಕಿಲ್ಲ: ಎರಡು ಓಲೆಪ್ರತಿಗಳಲ್ಲಿ ಸರಿಯಾದ ಪಾಠ ಒಂದೇ ಇದ್ದರೆ ಏನೂ ಸಾಬೀತಾಗುವುದಿಲ್ಲ. ಎರಡರಲ್ಲೂ ಒಂದೇ ಕಡೆ ಒಂದೇ ತಪ್ಪು ಇದ್ದರೆ ಅವುಗಳಿಗೆ ನಂಟಿದೆ. ಗ್ಯಾಂಗಿನಲ್ಲೂ ಹಾಗೆಯೇ. ಉಪಯುಕ್ತವಾದದ್ದನ್ನು ಯಾರು ಬೇಕಾದರೂ ಸ್ವತಂತ್ರವಾಗಿ ಕಂಡುಕೊಳ್ಳಬಹುದು. ನಿಷ್ಪ್ರಯೋಜಕವಾದದ್ದು, ನಷ್ಟದ್ದು, ಕ್ಯಾಮೆರಾಗೆ ಮಾತ್ರ ಚೆಂದ ಕಾಣುವುದು ಬೀದಿಯಲ್ಲಿ ಸಿಕ್ಕರೆ ಅದು ಕ್ಯಾಮೆರಾದಿಂದಲೇ ಬಂದಿರಬೇಕು.

ರೊಬೆರ್ತೋ ಸವಿಯಾನೋ 2006ರಲ್ಲಿ ಕಮೋರಾ ಬಗ್ಗೆ ಬರೆದ ‘ಗೊಮೊರಾ’ ಪುಸ್ತಕದಲ್ಲಿ ಇಂಥ ಒಂದು ಉದಾಹರಣೆ ಇದೆ. ಹೊಸ ಹುಡುಗರು ಪಿಸ್ತೂಲನ್ನು ನೆಟ್ಟಗೆ ಹಿಡಿಯದೆ, ಹಾಲಿವುಡ್ ನಿರ್ದೇಶಕ ಟರಂಟಿನೋನ ಚಿತ್ರಗಳಲ್ಲಿ ಕಂಡಂತೆ ಅಡ್ಡ ಮಲಗಿಸಿ ಹೊಡೆಯುತ್ತಾರೆ, ಗುರಿ ತಪ್ಪಿ ಎಲ್ಲೆಲ್ಲೋ ಗಾಯವಾಗುತ್ತದೆ ಎಂಬ ವಿಧಿವಿಜ್ಞಾನ ಪೊಲೀಸನೊಬ್ಬನ ಗೊಣಗಾಟವನ್ನು ಅವನು ದಾಖಲಿಸುತ್ತಾನೆ. ಪಿಸ್ತೂಲಿನ ಮೇಲೆ ಗುರಿ ನೋಡುವ ಗುರುತು ಇರುವುದು ನೆಟ್ಟಗೆ ಹಿಡಿದಾಗ ನೋಡಲು. ಅಡ್ಡ ಹಿಡಿದರೆ ಅದು ಕೆಲಸಕ್ಕೆ ಬಾರದು. ಮತ್ತೇಕೆ ಸಿನಿಮಾದಲ್ಲಿ ಹಾಗೆ? ಕೈಯೂ ಮುಖವೂ ಒಂದೇ ಚೌಕಟ್ಟಿನಲ್ಲಿ ಚೆನ್ನಾಗಿ ಕೂರುತ್ತವೆ. ಕೊಲೆಗಾರನಿಗೆ ನಷ್ಟ, ಛಾಯಾಗ್ರಾಹಕನಿಗೆ ಲಾಭ. ಇದೇ ಓಲೆಪ್ರತಿಯ ತಪ್ಪು.

ಈಗ ಸ್ಕಿಯಾವೊನೆಯ ಬಂಗಲೆಗೆ ಹತ್ತಿರ ಹೋಗೋಣ. ಅವನು ‘ಸ್ಕಾರ್‌ಫೇಸ್’ ಚಿತ್ರದ ವಿಡಿಯೋ ಕ್ಯಾಸೆಟ್ಟನ್ನೇ ವಾಸ್ತುಶಿಲ್ಪಿಯ ಕೈಗಿಟ್ಟು ‘ಹೀಗೇ ಬೇಕು’ ಎಂದ ಎಂಬುದು ಸವಿಯಾನೋ ಬರೆದ ವಿವರ. ಊರವರು ಅದಕ್ಕೆ ‘ಹಾಲಿವುಡ್’ ಎಂದೇ ಹೆಸರಿಟ್ಟರು. ಪರಿಶೀಲಿಸಲು ಚಿತ್ರ ಹಾಕಿ, ಹಜಾರದ ದೃಶ್ಯದಲ್ಲಿ ನಿಲ್ಲಿಸಿ, ಬಾಗಿ ಮೇಲೇರುವ ಭಾರೀ ಮೆಟ್ಟಿಲು, ಕಂಬಗಳು, ಮೇಲಿನ ಮೊಗಸಾಲೆಗಳನ್ನು ಕಾಗದದ ಮೇಲೆ ಗೆರೆ ಎಳೆದುಕೊಳ್ಳಿ. ಬಂಗಲೆಯ ಫೋಟೋಗಳನ್ನು ಪಕ್ಕದಲ್ಲಿಟ್ಟು ಸೇರುವುದಕ್ಕೆ ಟಿಕ್ಕು, ಸೇರದ್ದಕ್ಕೆ ಇಂಟು ಹಾಕಿ. ಇಂಟು ಗುರುತನ್ನು ಮರೆಯಬೇಡಿ. ಹೋಲಿಕೆ ಹುಡುಕುವವನಿಗೆ ಹೋಲಿಕೆಯೇ ಕಾಣುವುದು ಈ ಕೆಲಸದ ಕಾಯಿಲೆ. ತಮಾಷೆ ಏನೆಂದರೆ ಚಿತ್ರದ ಆ ಮನೆ ಎಲ್ಲೂ ಇರಲಿಲ್ಲ. ಕತೆ ನಡೆಯುವುದು ಮಯಾಮಿಯಲ್ಲಿ, ಹೊರಗಿನಿಂದ ತೋರಿಸಿದ ಮನೆ ಕ್ಯಾಲಿಫೋರ್ನಿಯಾದ್ದು, ಒಳಗಿನ ಹಜಾರ ಸ್ಟುಡಿಯೋದ ಸೆಟ್ಟು. ಪ್ಲೈವುಡ್ಡಿನ ಮನೆಯನ್ನು ಒಬ್ಬ ಡಾನ್ ಕಲ್ಲಿನಲ್ಲಿ ಕಟ್ಟಿಸಿದ. ತಲೆಮರೆಸಿಕೊಳ್ಳಬೇಕಾದವನಿಗೆ ಊರಿಗೇ ಎದ್ದು ಕಾಣುವ ಬಂಗಲೆಯಿಂದ ನಷ್ಟವೇ. ಕೊನೆಗೆ ಅದು ಸರ್ಕಾರದ ಮುಟ್ಟುಗೋಲಿಗೆ ಸಿಕ್ಕಿತು. ಚಿತ್ರದ ನಾಯಕ ಗುಂಡಿನೇಟು ತಿಂದು ಉರುಳಿ ಸಾಯುವುದೂ ಅದೇ ಹಜಾರದಲ್ಲಿ. ಆ ಭಾಗವನ್ನು ಕ್ಯಾಸೆಟ್ಟಿನಲ್ಲಿ ಮುಂದಕ್ಕೆ ಓಡಿಸಿದ್ದರೇನೋ.

ಅಡ್ಡಹೆಸರುಗಳಿಗೆ ಈ ಪರೀಕ್ಷೆ ಅಷ್ಟು ನಡೆಯುವುದಿಲ್ಲ. ವಾಲ್ಟರ್‌ನ ಅಣ್ಣತಮ್ಮ ಫ್ರಾಂಚೆಸ್ಕೋ ಸ್ಕಿಯಾವೊನೆಯನ್ನು ಎಲ್ಲರೂ ‘ಸಂದೋಕಾನ್’ ಎನ್ನುತ್ತಿದ್ದರು. 1976ರ ಇಟಾಲಿಯನ್ ಟಿವಿ ಧಾರಾವಾಹಿಯಲ್ಲಿ ಆ ಪಾತ್ರ ಮಾಡಿದ ನಮ್ಮ ಕಬೀರ್ ಬೇಡಿಯ ಗಡ್ಡಕ್ಕೂ ಇವನ ಗಡ್ಡಕ್ಕೂ ಹೋಲಿಕೆ ಇತ್ತಂತೆ. ಹೆಸರಿಟ್ಟವರು ಬೇರೆಯವರು. ಸ್ಕಿಯಾವೊನೆ ಕಬೀರ್ ಬೇಡಿಯಿಂದ ಏನನ್ನಾದರೂ ಕಲಿತ ಎನ್ನಲು ಇದು ಪುರಾವೆಯಾಗದು.

ಸರಳ ಕಾರಣ ಇದೆಯೇ ನೋಡಿ

ಬೆಂಗಳೂರಿನಲ್ಲಿ ಲಾಂಗು, ಮಚ್ಚು ಬಂದದ್ದೇ ಸಿನಿಮಾದಿಂದ ಎನ್ನುವವರಿದ್ದಾರೆ. ಮಚ್ಚು ಎಳನೀರು ಗಾಡಿಯಲ್ಲಿದೆ, ತೋಟದಲ್ಲಿದೆ, ಸಂತೆಯಲ್ಲಿ ಸಿಗುತ್ತದೆ. ಬಂದೂಕಿಗೆ ಲೈಸೆನ್ಸು ಬೇಕು, ಕಳ್ಳದಾರಿಯಲ್ಲಿ ದುಬಾರಿ, ಗುಂಡಿಗೆ ಬೇರೆ ಪರದಾಟ. ಆಯುಧದ ಆಯ್ಕೆಗೆ ಇಷ್ಟು ಕಾರಣ ಸಾಕಾಗಿರುವಾಗ ಸಿನಿಮಾವನ್ನು ಕರೆತರಬೇಕಿಲ್ಲ. ಇನ್ನೊಂದು ಕಡೆಯಿಂದ ನೋಡಿ: ಬೆಂಗಳೂರಿನ ಹಳೆಯ ದಾದಾ ಎಂ.ಪಿ. ಜಯರಾಜ್ 1989ರ ನವೆಂಬರ್‌ನಲ್ಲಿ ಲಾಲ್‌ಬಾಗ್ ಬಳಿ ಸತ್ತದ್ದು ಗುಂಡೇಟಿಗೆ. ಬೀದಿಯಲ್ಲಿ ಪಿಸ್ತೂಲು ಬಂದ ಎಷ್ಟೋ ವರ್ಷದ ಮೇಲೂ ಕನ್ನಡ ತೆರೆ ಲಾಂಗನ್ನೇ ಹಿಡಿದಿತ್ತು. ಹಾಗಾಗಿ ‘ಮಚ್ಚು ಸಿನಿಮಾದ್ದೇ?’ ಎಂಬ ಪ್ರಶ್ನೆ ಬಿಡಿ. ಬೆನ್ನ ಹಿಂದಿನಿಂದ, ಅಂಗಿಯ ಕಾಲರಿನೊಳಗಿಂದ ಲಾಂಗು ಎಳೆಯುವ ಆ ಭಂಗಿ ಎಲ್ಲಿಯದು ಎಂದು ಕೇಳಿ. ಕೊಯ್ಯಲು ಮಚ್ಚು ಸಾಕು, ಭಂಗಿ ಬೇಕಿಲ್ಲ.

ಬಿಳಿ ಅಂಗಿ ಬಿಳಿ ಪಂಚೆಯದೂ ಇದೇ ಕತೆ. ಮುಂಬೈಯ ಹಾಜಿ ಮಸ್ತಾನ್ ಬಿಳಿ ಉಡುಪಿಗೆ ಹೆಸರಾಗಿದ್ದ, ಅದರ ನೆರಳು ಹಿಂದಿ ತೆರೆಗೂ ಬಂತು. ಆದರೆ ಕರ್ನಾಟಕದಲ್ಲಿ ಬಿಳಿ ಅಂಗಿ ರಾಜಕಾರಣಿಯದು, ಕಂಟ್ರಾಕ್ಟರನದು, ಲೇಔಟ್ ಮಾಡುವವನದು. ಫೀಲ್ಡಿನಿಂದ, ಅಂದರೆ ರೌಡಿಸಂನಿಂದ, ರಿಯಲ್ ಎಸ್ಟೇಟಿಗೆ ಹೊರಳಿದವನು ಬಿಳಿ ತೊಟ್ಟರೆ ಅವನು ಪಕ್ಕದ ಮನೆಯ ಕಾರ್ಪೊರೇಟರನ್ನು ಅನುಕರಿಸುತ್ತಿರಬಹುದು. ‘ಬಾಸ್’ ಎಂಬ ಪದವಂತೂ ಕನ್ನಡದಲ್ಲಿ ಹೀರೋಗೂ ರೌಡಿಗೂ ಗ್ಯಾರೇಜಿನ ಮಾಲೀಕನಿಗೂ ಒಂದೇ. ಅದನ್ನು ಪುರಾವೆಯ ಪಟ್ಟಿಗೆ ಸೇರಿಸಲೇಬೇಡಿ.

ಕಾಗದಪತ್ರ: ಯಾವುದಕ್ಕೆ ಎಷ್ಟು ತೂಕ

ಎಲ್ಲಕ್ಕಿಂತ ಮೇಲು, ತಮ್ಮ ಮಾತು ದಾಖಲಾಗುತ್ತಿದೆ ಎಂದು ಗೊತ್ತಿಲ್ಲದೆ ಆಡಿದ್ದು. ನ್ಯೂಜೆರ್ಸಿಯ ಡಿಕವಲ್ಕಾಂಟೆ ಮಾಫಿಯಾ ಕುಟುಂಬದವರು 1999ರಲ್ಲಿ, ಆಗಷ್ಟೇ ಶುರುವಾಗಿದ್ದ ‘ಸೊಪ್ರಾನೋಸ್’ ಎಂಬ ಮಾಫಿಯಾ ಧಾರಾವಾಹಿ ತಮ್ಮ ಕತೆಯೇ ಇರಬೇಕು ಎಂದು ಮಾತಾಡಿಕೊಂಡದ್ದು ಎಫ್‌ಬಿಐ ಮುದ್ರಿಕೆಯಲ್ಲಿದೆ. ಅಲ್ಲಿ ಯಾರನ್ನೂ ಮೆಚ್ಚಿಸುವ ಉದ್ದೇಶ ಇರಲಿಲ್ಲ. ಅದರ ಕೆಳಗೆ, ಕಟ್ಟಡ, ವಿಡಿಯೋ, ವಶಪಡಿಸಿಕೊಂಡ ವಸ್ತುಗಳು. ಅದರ ಕೆಳಗೆ, ಗುಂಪು ಬಿಟ್ಟವರು ಆಮೇಲೆ ಹೇಳಿದ್ದು. ಗ್ರವಾನೋನ ಮಾತಿನ ತೂಕ ಇಷ್ಟೇ, ಏಕೆಂದರೆ ಕತೆ ಹೇಳುವುದೂ ಆಗ ಅವನಿಗೆ ಒಂದು ಕಸುಬು.

ನಮ್ಮಲ್ಲಿ ತೀರಾ ಮೋಸ ಮಾಡುವ ಕಾಗದವೆಂದರೆ ದೋಷಾರೋಪಣ ಪಟ್ಟಿಯೊಳಗಿನ ‘ಸ್ವಇಚ್ಛಾ ಹೇಳಿಕೆ’. ‘ಇಂಥ ಸಿನಿಮಾ ನೋಡಿ ಪ್ರೇರಿತನಾಗಿ’ ಎಂಬ ಸಾಲು ಸಿಗುವುದು ಹೆಚ್ಚಾಗಿ ಅಲ್ಲಿಯೇ. ಬರೆದುಕೊಂಡದ್ದು ಠಾಣೆಯಲ್ಲಿ, ವಾಕ್ಯ ರೈಟರನದು. ಪೊಲೀಸರ ಮುಂದಿನ ತಪ್ಪೊಪ್ಪಿಗೆಯನ್ನು ಆರೋಪಿಯ ವಿರುದ್ಧ ಸಾಬೀತುಪಡಿಸುವಂತಿಲ್ಲ ಎಂದು ಭಾರತೀಯ ಸಾಕ್ಷ್ಯ ಅಧಿನಿಯಮ 2023ರ 23ನೇ ಕಲಮು ಹೇಳುತ್ತದೆ, ಹಳೆಯ ಕಾಯ್ದೆಯಲ್ಲಿ ಅದು 25. ನ್ಯಾಯಾಲಯ ಒಪ್ಪದ್ದನ್ನು ನೀವು ಶೀರ್ಷಿಕೆ ಮಾಡಬೇಡಿ. ಶಿಕ್ಷೆ ಕಡಿಮೆ ಮಾಡಿಸಲು ವಕೀಲರು ಎತ್ತುವ ‘ಸಿನಿಮಾ ಪ್ರಭಾವ’ವೂ ಅಷ್ಟೇ ಹಗುರ.

ಪತ್ರಿಕೆಗಳ ‘ಸಿನಿಮೀಯ ರೀತಿಯಲ್ಲಿ ಕೊಲೆ’ ಎಂಬುದರ ತೂಕ ಸೊನ್ನೆ. ಅದು ವರದಿಗಾರನ ವಿಶೇಷಣ. ಕಾರು ಅಡ್ಡ ಹಾಕಿದರೂ ಸಿನಿಮೀಯ, ಪೊಲೀಸರು ಬೆನ್ನಟ್ಟಿ ಹಿಡಿದರೂ ಸಿನಿಮೀಯ. ಹುಡುಕಾಟದಲ್ಲಿ ಈ ಪದ ಹಾಕಿ ಬಂದ ಸುದ್ದಿಗಳನ್ನು ಎಣಿಸಿ ‘ಪ್ರಭಾವ ಹೆಚ್ಚಿದೆ’ ಎಂದು ಬರೆದ ಪ್ರಬಂಧಗಳು ಅಳೆದದ್ದು ಉಪಸಂಪಾದಕರ ಶಬ್ದಸಂಪತ್ತನ್ನು. ರಾಷ್ಟ್ರೀಯ ಅಪರಾಧ ದಾಖಲೆ ಬ್ಯೂರೋದ ಕೊಲೆ ಉದ್ದೇಶಗಳ ಕೋಷ್ಟಕದಲ್ಲಿ ಗ್ಯಾಂಗ್ ವೈಷಮ್ಯಕ್ಕೆ ಜಾಗ ಇದೆ, ಸಿನಿಮಾಕ್ಕೆ ಇಲ್ಲ. ಆದ್ದರಿಂದ ‘ಶೇಕಡಾ ಇಷ್ಟು’ ಎಂದು ಯಾರಾದರೂ ಹೇಳಿದರೆ ಎಲ್ಲಿಂದ ತಂದಿರಿ ಎಂದು ಕೇಳಿ.

ಕಾಗದ ಸಿಗುವ ದಾರಿ: ಸುಪ್ರೀಂ ಕೋರ್ಟಿನ 2016ರ ಆದೇಶದಂತೆ, ಸೂಕ್ಷ್ಮ ಪ್ರಕರಣ ಬಿಟ್ಟು ಉಳಿದ ಎಫ್‌ಐಆರ್‌ಗಳನ್ನು 24 ಗಂಟೆಯೊಳಗೆ ಜಾಲತಾಣಕ್ಕೆ ಹಾಕಬೇಕು. ಹುಡುಕಲು ಠಾಣೆ, ಸಂಖ್ಯೆ, ವರ್ಷ ಗೊತ್ತಿರಬೇಕು. ಬೆದರಿಕೆಯ ಮೂಲ ಮಾತುಗಳು ದೂರುದಾರರ ಬಾಯಲ್ಲಿ ಸಿಗುವುದು ಇಲ್ಲಿಯೇ. ದೋಷಾರೋಪಣ ಪಟ್ಟಿಯನ್ನು ಹಾಗೆ ಹಾಕಬೇಕಿಲ್ಲ ಎಂದು ಅದೇ ನ್ಯಾಯಾಲಯ 2023ರಲ್ಲಿ ಹೇಳಿತು. ಅದು ಬೇಕಾದರೆ ದೃಢೀಕೃತ ಪ್ರತಿಗೆ ಸಂಬಂಧಪಟ್ಟ ನ್ಯಾಯಾಲಯದಲ್ಲೇ ಅರ್ಜಿ ಹಾಕಬೇಕು, ಮೂರನೆಯವರಿಗೆ ಸುಲಭವಾಗಿ ಸಿಗದು. ತೀರ್ಪುಗಳು ನ್ಯಾಯಾಲಯಗಳ ಇ-ಕೋರ್ಟ್ಸ್ ಜಾಲತಾಣದಲ್ಲಿ ಸಿಗುತ್ತವೆ. ಸಾಕ್ಷಿಗಳ ಮಾತಿನ ಸಾರಾಂಶ ಇರುವ ಪುಟಗಳನ್ನೇ ಮೊದಲು ಓದಿ.

ಮಾತಾಡಿಸುವಾಗ

ಸಿನಿಮಾದ ಹೆಸರನ್ನು ನೀವು ಮೊದಲು ಎತ್ತಬೇಡಿ. ‘ಓಂ ನೋಡಿ ಪ್ರಭಾವ ಆಯ್ತಾ ಅಣ್ಣ?’ ಎಂದು ಕೇಳಿದರೆ ‘ಹ್ಞೂಂ ಸಾರ್, ನಮ್ಮ ಕತೆನೇ ಅದು’ ಎಂಬ ಉತ್ತರ ರೆಡಿ ಇರುತ್ತದೆ. ಹೀಗೆ ಅಂದವರನ್ನೆಲ್ಲ ಸೇರಿಸಿದರೆ ಆ ಚಿತ್ರಕ್ಕೆ ಇನ್ನೂರು ಜನ ಮೂಲಪುರುಷರಾಗುತ್ತಾರೆ. ಬದಲಿಗೆ ‘ಆ ಹೆಸರು ಹೇಗೆ ಬಂತು?’, ‘ಮೊದಲ ಸಲ ಹೋದಾಗ ಏನು ಹಾಕ್ಕೊಂಡಿದ್ರಿ?’, ‘ಆ ಮಾತು ನಿಮ್ಮ ಗುಂಪಲ್ಲಿ ಯಾರು ಮೊದಲು ಆಡಿದ್ದು?’ ಎಂದು ಕೇಳಿ. ಸಿನಿಮಾ ತಾನಾಗಿ ಬಂದರೆ ಮುದ್ರಿಕೆಯಲ್ಲಿ ಎಷ್ಟನೇ ನಿಮಿಷಕ್ಕೆ ಬಂತು ಎಂದು ಗುರುತು ಹಾಕಿ.

ಕನಿಷ್ಠ ನಾಲ್ಕು ಕಡೆಯವರು ಬೇಕು: ಗುಂಪು ಬಿಟ್ಟವರು, ನಿವೃತ್ತ ಪೊಲೀಸರು, ಹಫ್ತಾ ಕೊಟ್ಟ ಅಂಗಡಿಯವರು, ಚಿತ್ರತಂಡದಲ್ಲಿ ಸಂಭಾಷಣೆ ಅಥವಾ ಸಾಹಸದ ಕೆಲಸ ಮಾಡಿದವರು. ನಾಲ್ಕನೆಯವರನ್ನು ಯಾರೂ ಕೇಳುವುದಿಲ್ಲ. ಆ ಭಂಗಿ ಬೀದಿಯಲ್ಲಿ ನೋಡಿ ತಂದದ್ದೋ, ಲೆನ್ಸಿಗಾಗಿ ಮಾಡಿದ್ದೋ ಎಂದು ಹೇಳಬಲ್ಲವರು ಅವರೇ. ಮಾಜಿ ರೌಡಿಗಳಲ್ಲಿ ತನ್ನ ಕತೆಯನ್ನು ಸಿನಿಮಾಕ್ಕೆ ಮಾರಿದವರು, ಮಾರಲು ಕಾದಿರುವವರು ಇರುತ್ತಾರೆ. ಅದನ್ನು ಮೊದಲೇ ಕೇಳಿ ತಿಳಿದುಕೊಳ್ಳಿ, ಪ್ರಕಟಿಸುವಾಗ ಓದುಗರಿಗೂ ತಿಳಿಸಿ. ವಿಚಾರಣೆಯಲ್ಲಿರುವ ಕೇಸಿನ ಬಗ್ಗೆ ಕೇಳಬೇಡಿ, ಒಬ್ಬರೇ ಹೋಗಬೇಡಿ, ಮಾತಿಗೆ ಮೊದಲು ಒಪ್ಪಿಗೆಯನ್ನು ಧ್ವನಿಮುದ್ರಿಕೆಯಲ್ಲೇ ಹೇಳಿಸಿ. ಶಿಕ್ಷೆಯಾಗದವನನ್ನು ‘ಆರೋಪಿ’ ಎಂದಷ್ಟೇ ಬರೆಯಿರಿ. ರೌಡಿಪಟ್ಟಿಯಲ್ಲಿ ಹೆಸರಿದ್ದ ಮಾತ್ರಕ್ಕೆ ಯಾರೂ ಅಪರಾಧಿಯಲ್ಲ, ಮಾನನಷ್ಟದ ಕಲಮು ಹೊಸ ಭಾರತೀಯ ನ್ಯಾಯ ಸಂಹಿತೆಯಲ್ಲೂ ಇದೆ, ಅಲ್ಲಿ ಅದು 356.

ಬರೆಯುವಾಗ ಕ್ರಿಯಾಪದ

ಪುರಾವೆಯ ಮಟ್ಟಕ್ಕೆ ತಕ್ಕ ಕ್ರಿಯಾಪದ ಆರಿಸಿ. ರೂಪ ಮಾತ್ರ ಸೇರಿದರೆ ‘ಹೋಲುತ್ತದೆ’. ದಿನಾಂಕವೂ ಸರಿಯಿದ್ದು ಸರಳ ಕಾರಣ ಸಿಗದಿದ್ದರೆ ‘ಎರವಲು ಪಡೆದಂತಿದೆ’. ತಪ್ಪೂ ನಕಲಾಗಿದ್ದು ಗುಂಪಿನವರ ಸ್ವಂತ ಮಾತೂ ಸಿಕ್ಕರೆ ‘ಎರವಲು ಪಡೆದರು’. ‘ಸಿನಿಮಾದಿಂದ ಅಪರಾಧಿಯಾದ’ ಎಂಬುದಕ್ಕೆ ಈ ವಿಧಾನದಲ್ಲಿ ಯಾವ ಮೆಟ್ಟಿಲೂ ಇಲ್ಲ. ಇದು ಗತ್ತು ಎಲ್ಲಿಂದ ಬಂತು ಎಂದು ಹೇಳಬಲ್ಲದು. ಸಾಲ, ನಿರುದ್ಯೋಗ, ಭೂವ್ಯಾಜ್ಯ, ಜೈಲಿನ ಗೆಳೆತನ ಇವುಗಳ ಲೆಕ್ಕ ಬೇರೆಯೇ ಪುಸ್ತಕದ್ದು.

ಈಗ ಬರುತ್ತಿರುವ ರೀಲ್ಸ್‌ಗೆ ಕಾರ್ಡಿನಲ್ಲಿ ಐದನೇ ಸಾಲು ಸೇರಿಸಿಕೊಳ್ಳಿ: ಆ ತುಣುಕು ಎಷ್ಟು ಸೆಕೆಂಡಿನದು, ಎಲ್ಲಿ ಕತ್ತರಿಸಿದ್ದು? ಮೂವತ್ತು ಸೆಕೆಂಡಿನ ಎಂಟ್ರಿ ದೃಶ್ಯ, ಹಿನ್ನೆಲೆ ಸಂಗೀತ, ಅಷ್ಟೇ. ಇಡೀ ಚಿತ್ರ ನೋಡದ ಹುಡುಗನಿಗೆ ಚಿತ್ರದ ಹೆಸರೇ ಗೊತ್ತಿರುವುದಿಲ್ಲ, ಭಂಗಿ ಮಾತ್ರ ಗೊತ್ತು. ಅಂಥಲ್ಲಿ ‘ಯಾವ ಸಿನಿಮಾ’ ಎಂಬ ಸಾಲಿನಲ್ಲಿ ಖಾತೆಯ ಹೆಸರು, ಹಾಡಿನ ತುಣುಕು, ಅಪ್‌ಲೋಡ್ ದಿನಾಂಕ ಬರೆದು ಸ್ಕ್ರೀನ್‌ಶಾಟ್ ಇಟ್ಟುಕೊಳ್ಳಿ. ಪೊಲೀಸರು ಆಯುಧ ಕಾಯ್ದೆಯಡಿ ಕೇಸು ಹಾಕಿದ ಕೂಡಲೇ ಮೊದಲು ಮಾಯವಾಗುವುದು ಆ ವಿಡಿಯೋ. ಅದರಲ್ಲಿದ್ದ ಲಾಂಗು ಕಬ್ಬಿಣದ್ದೋ ಫೈಬರಿನದೋ ಎಂದು ಆಮೇಲೆ ಮಹಜರಿನಲ್ಲಿ ನೋಡಿಕೊಳ್ಳಬಹುದು.